ಭಿನ್ನ ಸ್ಥಾನಗಳ ಪೂರಣ: ಒಂದು ಎಣಿಕೆಯ ವಿವೇಚನೆ

ಹತ್ತು ಮಂದಿ ಸದಸ್ಯರಿರುವ ಒಂದು ಸಂಘವು ತನ್ನವರಲ್ಲಿಯೇ ಒಬ್ಬರನ್ನು ಅಧ್ಯಕ್ಷರನ್ನಾಗಿಯೂ, ಒಬ್ಬರನ್ನು ಕಾರ್ಯದರ್ಶಿಯನ್ನಾಗಿಯೂ, ಒಬ್ಬರನ್ನು ಕೋಶಾಧಿಕಾರಿಯನ್ನಾಗಿಯೂ ಆರಿಸಬೇಕಾಗಿದೆಯೆಂದು ಭಾವಿಸೋಣ. ಒಬ್ಬರೇ ಎರಡು ಹುದ್ದೆಗಳನ್ನು ವಹಿಸಕೂಡದೆಂಬುದು ನಿಯಮ. ಈ ಮೂರು ಸ್ಥಾನಗಳನ್ನು ಎಷ್ಟು ವಿಧವಾಗಿ ತುಂಬಬಹುದು? ಅದೇ ಸಂಘವು ಹುದ್ದೆಗಳ ಹೆಸರಿಲ್ಲದೆ ಮೂವರ ಉಪಸಮಿತಿಯೊಂದನ್ನು ಮಾತ್ರ ರಚಿಸಬೇಕಾಗಿದ್ದರೆ ಅದು ಎಷ್ಟು ವಿಧ? ಮೊದಲನೆಯ ಪ್ರಶ್ನೆಗೆ ಉತ್ತರ ೭೨೦, ಎರಡನೆಯದಕ್ಕೆ ೧೨೦. ಇವೆರಡಕ್ಕೂ ಸೂತ್ರಗಳು ಶಾಲಾಪುಸ್ತಕಗಳಲ್ಲಿಯೇ ದೊರೆಯುತ್ತವೆ. ಮೊದಲನೆಯದನ್ನು ಕ್ರಮಯೋಜನೆಯೆಂದೂ ಎರಡನೆಯದನ್ನು ವಿಕಲ್ಪವೆಂದೂ ಅಲ್ಲಿ ಕರೆದಿರುತ್ತಾರೆ. ಆದರೆ ಉತ್ತರಪತ್ರಿಕೆಗಳನ್ನು ನೋಡುವಾಗ ನಮಗೆ ಕಂಡುಬರುವ ಸಂಗತಿಯೇನೆಂದರೆ, ಸೂತ್ರವನ್ನು ಮರೆತು ತಪ್ಪುವವರಿಗಿಂತ, ಸೂತ್ರವನ್ನು ಚೆನ್ನಾಗಿ ನೆನಪಿಟ್ಟುಕೊಂಡು ಸಲ್ಲದ ಕಡೆ ಅದನ್ನು ಪ್ರಯೋಗಿಸುವವರೇ ಹೆಚ್ಚು. ಎಣಿಸುವುದಕ್ಕೆ ಮೊದಲು ಯಾವ ಎರಡು ಏರ್ಪಾಡುಗಳನ್ನು ಒಂದೇ ಎಂದು ಗಣಿಸಬೇಕು, ಯಾವುವನ್ನು ಬೇರೆ ಎಂದು ಗಣಿಸಬೇಕು ಎಂಬುದನ್ನು ನಿಶ್ಚಯಿಸಿಕೊಳ್ಳದಿದ್ದರೆ ಈ ಪ್ರಮಾದ ತಪ್ಪದು. ಹಿಂದಿನ ದೊಡ್ಡ ಗ್ರಂಥಕಾರರೊಬ್ಬರ ಲೆಕ್ಕದಲ್ಲಿಯೂ ಇದರ ನಿದರ್ಶನವೊಂದು ದೊರೆಯುವುದರಿಂದ, ವಿಷಯವನ್ನು ಸ್ವಲ್ಪ ವಿಸ್ತಾರವಾಗಿಯೇ ಇಲ್ಲಿ ವಿವೇಚಿಸಬೇಕೆಂದಿದ್ದೇವೆ.

ಮೊದಲು ೭೨೦ ಎಂಬ ಸಂಖ್ಯೆ ಬಂದ ಬಗೆಯನ್ನು ನೋಡೋಣ. ಅಧ್ಯಕ್ಷಸ್ಥಾನಕ್ಕೆ ಹತ್ತು ಮಂದಿಯಲ್ಲಿ ಯಾರನ್ನಾದರೂ ಆರಿಸಬಹುದು. ಅವರನ್ನು ಆರಿಸಿದ ಮೇಲೆ ಕಾರ್ಯದರ್ಶಿಯ ಸ್ಥಾನಕ್ಕೆ ಒಂಬತ್ತು ಮಂದಿ ಉಳಿಯುತ್ತಾರೆ. ಆ ಮೇಲೆ ಕೋಶಾಧಿಕಾರಿಯ ಸ್ಥಾನಕ್ಕೆ ಎಂಟು ಮಂದಿ. ೧೦, ೯, ೮ ಇವುಗಳ ಗುಣಲಬ್ಧವು ೭೨೦. ಇಲ್ಲಿ ಗುಣಾಕಾರವು ಏಕೆ ಸಲ್ಲುತ್ತದೆ ಎಂಬುದನ್ನು ಗಮನಿಸಬೇಕು. ಅಧ್ಯಕ್ಷರು ಯಾರಾದರು ಎಂಬುದನ್ನು ಅನುಸರಿಸಿ ಉಳಿದ ಒಂಬತ್ತು ಮಂದಿ ಯಾರು ಯಾರು ಎಂಬುದು ಬದಲಾಗುತ್ತದೆ. ಆದರೆ ಅವರು ಒಂಬತ್ತು ಮಂದಿ ಎಂಬುದು ಮಾತ್ರ ಬದಲಾಗುವುದಿಲ್ಲ. ಗುಣಾಕಾರಕ್ಕೆ ಬೇಕಾದುದು ಇಷ್ಟೇ: ವ್ಯಕ್ತಿಗಳು ಬೇರೆಯಾದರೂ ಸಂಖ್ಯೆ ಒಂದೇ ಆಗಿರಬೇಕು. ಇದು ಎಲ್ಲಿ ಕೆಡುತ್ತದೆಯೋ ಅಲ್ಲಿ ಗುಣಾಕಾರವೂ ಕೆಡುತ್ತದೆಂಬುದನ್ನು ಮುಂದೆ ನೋಡಲಿದ್ದೇವೆ.

ಈ ಕ್ರಮವು ನಮ್ಮ ದೇಶದ ಗಣಿತಗ್ರಂಥಗಳಲ್ಲಿ ಬಹುಕಾಲದಿಂದ ನೆಲೆಸಿರುವಂಥದು. ಕ್ರಿ.ಶ. ೧೧೫೦ರಲ್ಲಿ ಭಾಸ್ಕರಾಚಾರ್ಯನು ರಚಿಸಿದ ಲೀಲಾವತಿಯ ಕೊನೆಯ ಭಾಗಕ್ಕೆ ಅಂಕಪಾಶವೆಂದು ಹೆಸರು. ಅದರಲ್ಲಿ ಆಚಾರ್ಯನು ಕೇಳುವ ಪ್ರಶ್ನೆಗಳಲ್ಲಿ ಒಂದು ಶಿವನನ್ನು ಕುರಿತದ್ದು, ಮತ್ತೊಂದು ಹರಿಯನ್ನು ಕುರಿತದ್ದು. ಹತ್ತು ಕೈಗಳ ಶಂಭುವು ಪಾಶ, ಅಂಕುಶ, ಸರ್ಪ, ಡಮರು, ಕಪಾಲ, ಶೂಲ, ಖಟ್ವಾಂಗ, ಶಕ್ತಿ, ಬಾಣ, ಬಿಲ್ಲು ಎಂಬ ಹತ್ತನ್ನು ಕೈಯಿಂದ ಕೈಗೆ ಬದಲಾಯಿಸಿ ಹಿಡಿದರೆ ಎಷ್ಟು ಮೂರ್ತಿಭೇದಗಳಾಗುತ್ತವೆ? ನಾಲ್ಕು ಕೈಗಳ ಹರಿಯು ಗದೆ, ಚಕ್ರ, ಕಮಲ, ಶಂಖಗಳನ್ನು ಹಾಗೆಯೇ ಬದಲಾಯಿಸಿ ಹಿಡಿದರೆ ಎಷ್ಟು? ಮೊದಲನೆಯದಕ್ಕೆ ಉತ್ತರ ೩೬,೨೮,೮೦೦; ಎರಡನೆಯದಕ್ಕೆ ೨೪. ಒಂದರಿಂದ ಹತ್ತರವರೆಗಿನ ಎಲ್ಲ ಸಂಖ್ಯೆಗಳ ಗುಣಲಬ್ಧ ಮೊದಲನೆಯದು, ಒಂದರಿಂದ ನಾಲ್ಕರವರೆಗಿನದು ಎರಡನೆಯದು. ಹುದ್ದೆಗಳ ಉದಾಹರಣೆಗಿಂತ ಇದು ಒಂದು ರೀತಿಯಲ್ಲಿ ಉತ್ತಮವೆಂದು ನಮ್ಮ ಅಭಿಪ್ರಾಯ. ಇಲ್ಲಿ ಕೈಯೇ ಸ್ಥಾನ, ಆಯುಧವೇ ಆ ಸ್ಥಾನವನ್ನು ತುಂಬುವ ವಸ್ತು. ಮೇಲಿನ ಬಲಗೈ ಬೇರೆ, ಕೆಳಗಿನ ಬಲಗೈ ಬೇರೆ ಎಂಬುದರಲ್ಲಿ ಯಾರಿಗೂ ಸಂದೇಹ ಹುಟ್ಟುವಂತಿಲ್ಲ.

ಹರಿಯ ಉದಾಹರಣೆಯು ಕೇವಲ ಲೆಕ್ಕಕ್ಕಾಗಿ ಹೂಡಿದ ಕಲ್ಪನೆಯಲ್ಲ. ಆಚಮನದಲ್ಲಿ ಹೇಳುವ ಕೇಶವನಿಂದ ಕೃಷ್ಣನವರೆಗಿನ ಇಪ್ಪತ್ತನಾಲ್ಕು ಹೆಸರುಗಳು ವಾಚಕರಲ್ಲಿ ಅನೇಕರಿಗೆ ಪರಿಚಿತವಾದವು. ಶಿಲ್ಪಶಾಸ್ತ್ರವು ಈ ಒಂದೊಂದು ಹೆಸರಿಗೂ ಶಂಖ, ಚಕ್ರ, ಗದೆ, ಪದ್ಮಗಳ ಒಂದೊಂದು ವಿನ್ಯಾಸವನ್ನು ಗೊತ್ತುಮಾಡಿದೆ. ವಿನ್ಯಾಸಗಳೂ ಇಪ್ಪತ್ತನಾಲ್ಕೇ, ಹೆಸರುಗಳೂ ಇಪ್ಪತ್ತನಾಲ್ಕೇ. ಹೀಗಾಗಿ ಯಾವ ವಿನ್ಯಾಸವೂ ಹೆಸರಿಲ್ಲದೆ ಉಳಿಯುವುದಿಲ್ಲ, ಯಾವ ಹೆಸರೂ ಮೂರ್ತಿಯಿಲ್ಲದೆ ಉಳಿಯುವುದಿಲ್ಲ. ರೂಪಮಂಡನದ ಕ್ರಮದಲ್ಲಿ ಕೇಶವನಿಗೆ ಮೇಲಿನ ಬಲಗೈಯಲ್ಲಿ ಶಂಖ, ಮೇಲಿನ ಎಡಗೈಯಲ್ಲಿ ಚಕ್ರ, ಕೆಳಗಿನ ಎಡಗೈಯಲ್ಲಿ ಗದೆ, ಕೆಳಗಿನ ಬಲಗೈಯಲ್ಲಿ ಪದ್ಮ. ಮೇಲಿನ ಎರಡು ಕೈಗಳ ಶಂಖಚಕ್ರಗಳನ್ನು ಅದಲುಬದಲು ಮಾಡಿದರೆ ಆ ಮೂರ್ತಿಯು ಕೇಶವನಲ್ಲ, ಜನಾರ್ದನ. ವಸ್ತುಗಳು ಅವೇ ನಾಲ್ಕು. ವಿಕಲ್ಪದ ಲೆಕ್ಕಕ್ಕೆ ಈ ಎರಡರಲ್ಲಿ ಭೇದವೇ ಇಲ್ಲ. ಸ್ಥಾನಭೇದವನ್ನು ಪರಿಗಣಿಸಿದಾಗ ಮಾತ್ರ ಒಂದು ಹೆಸರು ಹೋಗಿ ಇನ್ನೊಂದು ಬರುತ್ತದೆ. ೧೩ನೆಯ ಶತಮಾನದ ಸೋಮನಾಥಪುರದ ದೇವಾಲಯದಲ್ಲಿ ಕೇಶವ, ಜನಾರ್ದನ, ವೇಣುಗೋಪಾಲ ಎಂಬ ಮೂವರಿಗೆ ಮೂರು ಗರ್ಭಗೃಹಗಳಿವೆ. ಕೊಳಲನ್ನು ಹಿಡಿದ ವೇಣುಗೋಪಾಲನು ಈ ಇಪ್ಪತ್ತನಾಲ್ಕರ ಲೆಕ್ಕಕ್ಕೆ ಸೇರಿದವನಲ್ಲ, ಉಳಿದಿಬ್ಬರೂ ಸೇರಿದವರು.

ಹೊಯ್ಸಳ ದೇವಾಲಯಗಳ ಹೊರಗೋಡೆಗಳಲ್ಲಿರುವ ವಿಷ್ಣುಮೂರ್ತಿಗಳನ್ನು ಗುರುತಿಸುವವರಿಗೆ ಈ ಎಣಿಕೆಯು ನೇರವಾಗಿ ಉಪಯೋಗಕ್ಕೆ ಬರುತ್ತದೆ. ಭಗ್ನವಾದ ಮೂರ್ತಿಗಳೂ ಅಲ್ಲಿ ಇರುವುದರಿಂದ, ಎಷ್ಟು ಕೈಗಳು ಹೋಗಿದ್ದರೆ ಎಷ್ಟು ಹೆಸರುಗಳ ನಡುವೆ ಸಂದೇಹವುಳಿಯುತ್ತದೆ ಎಂಬುದು ಕೇಳಬೇಕಾದ ಪ್ರಶ್ನೆಯೇ ಆಗಿದೆ. ಒಂದೇ ಕೈ ಮುರಿದಿದ್ದರೆ ನಷ್ಟವೇನೂ ಇಲ್ಲ; ಉಳಿದ ಮೂರು ಕೈಗಳಲ್ಲಿ ಕಾಣದ ಆಯುಧವೇ ಆ ಕೈಯಲ್ಲಿತ್ತೆಂದು ನಿಶ್ಚಯಿಸಬಹುದು. ಎರಡು ಕೈಗಳು ಮುರಿದಿದ್ದರೆ ಎರಡು ಹೆಸರುಗಳು ಸಾಧ್ಯ. ಉದಾಹರಣೆಗೆ, ಕೆಳಗಿನ ಬಲಗೈಯಲ್ಲಿ ಪದ್ಮವೂ ಕೆಳಗಿನ ಎಡಗೈಯಲ್ಲಿ ಗದೆಯೂ ಉಳಿದು ಮೇಲಿನ ಎರಡೂ ಕೈಗಳು ಹೋಗಿದ್ದರೆ, ಮೇಲೆ ಹೇಳಿದ ಕ್ರಮದಂತೆ ಆ ಮೂರ್ತಿಯು ಕೇಶವನಾಗಿರಬೇಕು, ಇಲ್ಲವೇ ಜನಾರ್ದನನಾಗಿರಬೇಕು; ಕೈಗಳಿಂದ ಅದಕ್ಕಿಂತ ಹೆಚ್ಚೇನನ್ನೂ ಹೇಳಲಾಗದು. ಮೂರು ಕೈಗಳು ಹೋಗಿ ಒಂದೇ ಆಯುಧ ಉಳಿದಿದ್ದರೆ ಆರು ಹೆಸರುಗಳು ಸಾಧ್ಯವಾಗುತ್ತವೆ. ನಾಲ್ಕೂ ಹೋದರೆ ಇಪ್ಪತ್ತನಾಲ್ಕು. ಈ ೧, ೨, ೬, ೨೪ ಎಂಬ ಸಂಖ್ಯೆಗಳು ಒಂದು, ಎರಡು, ಮೂರು, ನಾಲ್ಕು ಸ್ಥಾನಗಳ ಕ್ರಮಯೋಜನೆಗಳೇ ಆಗಿವೆ. ಮುರಿದ ಕೈಗಳನ್ನು ಉಳಿದ ಆಯುಧಗಳಿಂದ ತುಂಬುವ ಲೆಕ್ಕವಲ್ಲದೆ ಇದು ಬೇರೆಯಲ್ಲ. ಇದೆಲ್ಲವೂ ಆ ಮೂರ್ತಿಯು ನಾಲ್ಕು ಆಯುಧಗಳನ್ನೇ ಹಿಡಿದಿತ್ತು ಎಂಬ ನಿಶ್ಚಯದ ಮೇಲೆ ನಿಂತಿದೆಯೆಂಬುದನ್ನು ಮರೆಯಕೂಡದು. ಒಂದು ಕೈ ಅಭಯಮುದ್ರೆಯಲ್ಲಿಯೋ ವರದಮುದ್ರೆಯಲ್ಲಿಯೋ ಇರುವ ವಿಷ್ಣುಮೂರ್ತಿಗಳು ನಮ್ಮ ದೇಶದಲ್ಲಿ ಬೇಕಾದಷ್ಟಿವೆ. ಮುರಿದ ಕೈ ಅಂಥದಾಗಿದ್ದಿರಬಹುದೆಂಬ ಸಂಶಯವಿದ್ದರೆ, ಒಂದೇ ಕೈ ಹೋಗಿರುವಾಗಲೂ ನಿಶ್ಚಯವಿಲ್ಲ.

ಅಗ್ನಿಪುರಾಣ, ಪದ್ಮಪುರಾಣ, ರೂಪಮಂಡನ ಮೊದಲಾದವುಗಳಲ್ಲಿ ಕೊಟ್ಟಿರುವ ಇಪ್ಪತ್ತನಾಲ್ಕು ಮೂರ್ತಿಗಳ ಪಟ್ಟಿಗಳು ಪರಸ್ಪರ ಪೂರ್ತಿಯಾಗಿ ಹೊಂದುವುದಿಲ್ಲ. ಇಂಥ ಪಟ್ಟಿಯೊಂದು ಕೈಗೆ ಬಂದಾಗ ಅದನ್ನು ಪರೀಕ್ಷಿಸಲು ಸುಲಭವಾದ ಉಪಾಯವೊಂದಿದೆ. ಶಂಖವು ಮೇಲಿನ ಬಲಗೈಯಲ್ಲಿ ನಿಂತರೆ ಉಳಿದ ಮೂರು ಆಯುಧಗಳನ್ನು ಉಳಿದ ಮೂರು ಕೈಗಳಲ್ಲಿ ಆರು ವಿಧವಾಗಿ ಇರಿಸಬಹುದಾದ್ದರಿಂದ, ಇಡೀ ಪಟ್ಟಿಯಲ್ಲಿ ಶಂಖವು ಆ ಕೈಯಲ್ಲಿ ಸರಿಯಾಗಿ ಆರು ಸಲ ಬರಬೇಕು. ಪ್ರತಿಯೊಂದು ಆಯುಧವೂ ಪ್ರತಿಯೊಂದು ಕೈಯಲ್ಲಿ ಹಾಗೆಯೇ ಆರು ಸಲ ಬರಬೇಕು. ಐದು ಸಲವೋ ಏಳು ಸಲವೋ ಬಂದರೆ ಲಿಪಿಕಾರನ ಕೈತಪ್ಪಿನಿಂದ ಯಾವುದೋ ವಿನ್ಯಾಸವು ಎರಡು ಸಲ ಸೇರಿ ಮತ್ತಾವುದೋ ಬಿಟ್ಟುಹೋಗಿದೆಯೆಂದು ತಿಳಿಯಬೇಕು. ಆರು ಬಂದ ಮಾತ್ರಕ್ಕೆ ಪಟ್ಟಿ ಶುದ್ಧವೆನ್ನಲಾಗದು, ಏಕೆಂದರೆ ಎರಡು ಹೆಸರುಗಳು ಅದಲುಬದಲಾಗಿದ್ದರೆ ಈ ಪರೀಕ್ಷೆಗೆ ಅದು ಸಿಕ್ಕುವುದಿಲ್ಲ; ಆದರೆ ಆರು ಬಾರದಿದ್ದರೆ ಅಶುದ್ಧವೆಂಬುದು ಖಂಡಿತ. ಭಾಸ್ಕರನೂ ಈ ಸಮತೆಯನ್ನೇ ಬೇರೊಂದು ಕೆಲಸಕ್ಕೆ ಬಳಸಿದ್ದಾನೆ. ೩, ೯, ೮ ಎಂಬ ಅಂಕಗಳನ್ನು ಅದಲುಬದಲು ಮಾಡಿ ಬರೆಯಬಹುದಾದ ಸಂಖ್ಯೆಗಳು ಆರು; ಅವುಗಳ ಮೊತ್ತವೆಷ್ಟು ಎಂಬುದು ಪ್ರಶ್ನೆ. ಪ್ರತಿಯೊಂದು ಅಂಕವೂ ಪ್ರತಿಯೊಂದು ಸ್ಥಾನದಲ್ಲಿ ಎರಡೆರಡು ಸಲ ಬರುವುದರಿಂದ ಪ್ರತಿಯೊಂದು ಸ್ಥಾನದ ಮೊತ್ತವೂ ೪೦. ಅದನ್ನು ೧೧೧ರಿಂದ ಗುಣಿಸಿದರೆ ೪೪೪೦ ಬರುತ್ತದೆ. ಆರು ಸಂಖ್ಯೆಗಳನ್ನೂ ಬರೆದು ಕೂಡಿಸುವ ಶ್ರಮವೇ ಬೇಡ.

ಇದುವರೆಗೆ ಸ್ಥಾನಗಳೂ ವಸ್ತುಗಳೂ ಸಮಸಂಖ್ಯೆಯಲ್ಲಿದ್ದವು. ಸ್ಥಾನಗಳು ಕಡಮೆಯಿದ್ದು ವಸ್ತುಗಳು ಹೆಚ್ಚಾಗಿರುವಾಗ, ಅಂದರೆ ನಮ್ಮ ಸಂಘದ ಉದಾಹರಣೆಯಲ್ಲಿದ್ದಂತೆ, ಮಾಡಬೇಕಾದುದನ್ನೂ ಲೀಲಾವತಿಯು ಹೇಳುತ್ತದೆ. ಸೊನ್ನೆಯನ್ನು ಬಿಟ್ಟು ಒಂಬತ್ತು ಅಂಕಗಳಿಂದ, ಒಂದೇ ಅಂಕ ಎರಡು ಸಲ ಬಾರದಂತೆ, ಆರು ಸ್ಥಾನಗಳ ಸಂಖ್ಯೆಗಳನ್ನು ಎಷ್ಟು ಬರೆಯಬಹುದು? ಒಂಬತ್ತರಿಂದ ಆರಂಭಿಸಿ ಒಂದೊಂದನ್ನೇ ಕಳೆಯುತ್ತ ಸ್ಥಾನಗಳಿರುವಷ್ಟು ಸಲ ಬರೆದು, ೯, ೮, ೭, ೬, ೫, ೪ ಇವನ್ನು ಗುಣಿಸಬೇಕು, ೬೦,೪೮೦ ಬರುತ್ತದೆ. ಇಂದಿನ ಪುಸ್ತಕಗಳು ಇದನ್ನೇ ಒಂಬತ್ತರ ಕ್ರಮಗುಣಿತವನ್ನು ಮೂರರ ಕ್ರಮಗುಣಿತದಿಂದ ಭಾಗಿಸಿದ ಲಬ್ಧವೆಂದು ಬರೆಯುತ್ತವೆ. ಬರೆಯುವುದಕ್ಕೆ ಅದು ಅಚ್ಚುಕಟ್ಟೇನೋ ಹೌದು. ಆದರೆ ಆರಂಭದ ವಿದ್ಯಾರ್ಥಿಗೆ ಭಾಸ್ಕರನ ರೀತಿಯೇ ಮೇಲೆಂದು ನಮಗೆ ತೋರುತ್ತದೆ. ಎಷ್ಟು ಸ್ಥಾನಗಳೋ ಅಷ್ಟು ಗುಣಕಗಳು ಎಂಬುದು ಅದರಲ್ಲಿ ಕಣ್ಣಿಗೆ ಕಾಣುವಂತಿದೆ.

ವಸ್ತುಗಳಲ್ಲಿ ಕೆಲವು ಒಂದೇ ತೆರನಾಗಿದ್ದರೆ ಭಾಗಾಕಾರ ಬೇಕಾಗುತ್ತದೆ. ೪, ೮, ೫, ೫, ೫ ಎಂಬ ಐದು ಅಂಕಗಳ ವಿನ್ಯಾಸಗಳು ೧೨೦ ಅಲ್ಲ, ೨೦ ಮಾತ್ರವೆಂದು ಲೀಲಾವತಿಯು ತೋರಿಸುತ್ತದೆ. ಮೂರು ಐದುಗಳು ತಮ್ಮತಮ್ಮೊಳಗೆ ಸ್ಥಾನವನ್ನು ಬದಲಾಯಿಸಿಕೊಂಡರೂ ಸಂಖ್ಯೆ ಬದಲಾಗದಿರುವುದರಿಂದ ೧೨೦ನ್ನು ಆರರಿಂದ ಭಾಗಿಸಬೇಕು. ಸ್ಥಾನಗಳೇ ಒಂದೇ ತೆರನಾದರೂ ಹೀಗೆಯೇ ಮಾಡಬೇಕು. ಮೂವರ ಉಪಸಮಿತಿಯಲ್ಲಿ ಸ್ಥಾನಗಳಿಗೆ ಹೆಸರಿಲ್ಲದ್ದರಿಂದಲೇ ೭೨೦ನ್ನು ಆರರಿಂದ ಭಾಗಿಸಿ ೧೨೦ನ್ನು ಪಡೆದೆವು. ಇಂಥ ಆಯ್ಕೆಯ ಸಾಮಾನ್ಯ ಸೂತ್ರವನ್ನು, ಭಾಸ್ಕರನಿಗಿಂತ ಮೂರು ಶತಮಾನಗಳ ಹಿಂದೆಯೇ, ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿದ್ದ ಮಹಾವೀರಾಚಾರ್ಯನು ತನ್ನ ಗಣಿತಸಾರಸಂಗ್ರಹದಲ್ಲಿ ಕೊಟ್ಟಿದ್ದಾನೆ. ಇಳಿಯುವ ಸಂಖ್ಯೆಗಳ ಗುಣಲಬ್ಧವನ್ನು ಏರುವ ಸಂಖ್ಯೆಗಳ ಗುಣಲಬ್ಧದಿಂದ ಭಾಗಿಸುವುದೇ ಆ ಸೂತ್ರ. ಒಗರು, ಕಹಿ, ಹುಳಿ, ಖಾರ, ಉಪ್ಪು, ಸಿಹಿ ಎಂಬ ಆರು ರಸಗಳ ಮಿಶ್ರಣಭೇದಗಳನ್ನು ಅವನು ಉದಾಹರಣೆಯಾಗಿ ಕೇಳಿದ್ದಾನೆ. ಒಂದೊಂದಾಗಿ, ಎರಡೆರಡಾಗಿ, ಹೀಗೆ ಆರರವರೆಗೆ ತೆಗೆದುಕೊಂಡರೆ ಒಟ್ಟು ೬೩. ಹುಳಿಯೊಡನೆ ಸಿಹಿಯನ್ನು ಬೆರೆಸಿದರೂ ಸಿಹಿಯೊಡನೆ ಹುಳಿಯನ್ನು ಬೆರೆಸಿದರೂ ರುಚಿ ಒಂದೇ ಆದ್ದರಿಂದ ಇಲ್ಲಿ ಸ್ಥಾನಭೇದದ ಪ್ರಶ್ನೆಯೇ ಏಳುವುದಿಲ್ಲ.

ಮಿಶ್ರಣಗಳಲ್ಲಿಯೂ ಸ್ಥಾನಭೇದವು ಏಳುವ ಸಂದರ್ಭವೊಂದಿದೆ. ಮೇಲೆ ಸೂಚಿಸಿದ ಪ್ರಮಾದವು ಅಡಗಿರುವುದು ಅಲ್ಲಿಯೇ. ಆರನೆಯ ಶತಮಾನದ ವರಾಹಮಿಹಿರನು ಬೃಹತ್ಸಂಹಿತೆಯ ಗಂಧಯುಕ್ತಿಯ ಅಧ್ಯಾಯದಲ್ಲಿ ಕರ್ಪೂರ, ಲಾವಂಚ, ಅಗರು, ತಗರ ಮೊದಲಾದ ಹದಿನಾರು ದ್ರವ್ಯಗಳನ್ನು ಹೆಸರಿಸುತ್ತಾನೆ. ಅವುಗಳಲ್ಲಿ ನಾಲ್ಕನ್ನು ಆರಿಸಿ, ಒಂದನ್ನು ಒಂದು ಭಾಗ, ಒಂದನ್ನು ಎರಡು ಭಾಗ, ಒಂದನ್ನು ಮೂರು ಭಾಗ, ಒಂದನ್ನು ನಾಲ್ಕು ಭಾಗ ಬೆರೆಸಿದರೆ ಒಂದು ಸುಗಂಧ. ಇಂಥವು ಎಷ್ಟು? ಹದಿನಾರರಲ್ಲಿ ನಾಲ್ಕನ್ನು ಆರಿಸುವ ವಿಧಗಳು ೧೮೨೦ ಎಂದು ಅವನು ಹೇಳುವುದು ಸರಿಯಾಗಿಯೇ ಇದೆ. ಆಮೇಲೆ ಆರಿಸಿದ ನಾಲ್ಕರಲ್ಲಿ ಒಂದು ದ್ರವ್ಯವನ್ನು ಹಿಡಿದು ಎಣಿಸುತ್ತಾನೆ. ಅದು ಒಂದು ಭಾಗವಾಗಿದ್ದರೆ ಉಳಿದ ಮೂರರಿಂದ ಆರು ಸುಗಂಧಗಳು. ಎರಡು ಭಾಗವಾಗಿದ್ದರೆ ಆರು. ಮೂರಾಗಿದ್ದರೆ ಆರು, ನಾಲ್ಕಾಗಿದ್ದರೆ ಆರು. ಒಟ್ಟು ೨೪. ಇದೂ ಸರಿಯೇ. ಬಳಿಕ, ಒಂದು ದ್ರವ್ಯಕ್ಕೆ ಇಪ್ಪತ್ತನಾಲ್ಕು ಬಂದಂತೆ ಉಳಿದ ಮೂರಕ್ಕೂ ಬರುತ್ತವೆಯೆಂದು ಹೇಳಿ ೯೬ ಎಂದು ಕೂಡಿಸುತ್ತಾನೆ. ಅದರಿಂದ ೧೮೨೦ನ್ನು ಗುಣಿಸಿ ಸುಗಂಧಗಳ ಸಂಖ್ಯೆ ೧,೭೪,೭೨೦ ಎನ್ನುತ್ತಾನೆ.

ನಮ್ಮ ದೃಷ್ಟಿಯಲ್ಲಿ ಈ ಕೊನೆಯ ಹೆಜ್ಜೆ ಸಲ್ಲದು. ಕರ್ಪೂರ ಒಂದು ಭಾಗ, ಲಾವಂಚ ಎರಡು, ಅಗರು ಮೂರು, ತಗರ ನಾಲ್ಕು ಎಂಬ ಒಂದೇ ಮಿಶ್ರಣವನ್ನು ತೆಗೆದುಕೊಳ್ಳೋಣ. ಕರ್ಪೂರವನ್ನು ಹಿಡಿದು ಎಣಿಸಿದ ಇಪ್ಪತ್ತನಾಲ್ಕರಲ್ಲಿ ಇದು ಸೇರಿದೆ. ಲಾವಂಚವನ್ನು ಹಿಡಿದು ಎಣಿಸುವಾಗ, ಅದು ಎರಡು ಭಾಗವಾಗಿರುವ ಆರರಲ್ಲಿ ಇದೇ ಮತ್ತೆ ಬರುತ್ತದೆ. ಅಗರುವಿನ ಲೆಕ್ಕದಲ್ಲಿ ಮೂರನೆಯ ಸಲ, ತಗರದ ಲೆಕ್ಕದಲ್ಲಿ ನಾಲ್ಕನೆಯ ಸಲ. ಪ್ರತಿಯೊಂದು ಮಿಶ್ರಣವೂ ನಾಲ್ಕು ಸಲ ಎಣಿಕೆಗೆ ಬಂದಿದೆ. ಒಂದು ಭಾಗ, ಎರಡು ಭಾಗ ಎಂಬ ನಾಲ್ಕು ಪ್ರಮಾಣಗಳು ನಾಲ್ಕು ಸ್ಥಾನಗಳು. ದ್ರವ್ಯಗಳು ಅವನ್ನು ತುಂಬುವ ವಸ್ತುಗಳು. ಹೀಗೆ ನೋಡಿದರೆ ಇದು ಹರಿಯ ನಾಲ್ಕು ಕೈಗಳ ಲೆಕ್ಕವೇ ಆಗಿ, ನಾಲ್ಕು ದ್ರವ್ಯಗಳಿಗೆ ೨೪, ಹದಿನಾರು ದ್ರವ್ಯಗಳಿಗೆ ೧೬, ೧೫, ೧೪, ೧೩ ಇವುಗಳ ಗುಣಲಬ್ಧವಾದ ೪೩,೬೮೦ ಬರುತ್ತದೆ. ಗ್ರಂಥದಲ್ಲಿರುವ ಸಂಖ್ಯೆಯು ಇದರ ನಾಲ್ಕರಷ್ಟು. ನಾಲ್ಕರಲ್ಲಿ ಒಂದು ದ್ರವ್ಯವನ್ನು, ಅದರ ಪ್ರಮಾಣವೇನೇ ಇರಲಿ, ಮುಖ್ಯವೆಂದು ಬೇರೆಯಾಗಿ ಗುರುತಿಸುವುದಾದರೆ ೯೬ ಎಂಬುದು ಸರಿಹೋಗುತ್ತದೆ; ಹಾಗೆ ಮುಖ್ಯತ್ವವೆಂಬುದು ಇನ್ನೊಂದು ಸ್ಥಾನವಾಗಿ, ಅದನ್ನು ನಾಲ್ಕು ವಿಧವಾಗಿ ತುಂಬಬಹುದಾಗುತ್ತದೆ. ಆದರೆ ಬೆರೆತು ಮುಗಿದ ಸುಗಂಧದಲ್ಲಿ ಯಾವುದು ಮುಖ್ಯವೆಂದು ಮೂಗು ಪ್ರಮಾಣದಿಂದಲ್ಲದೆ ಬೇರೆ ಯಾವುದರಿಂದಲೂ ತಿಳಿಯಲಾರದು. ವರಾಹಮಿಹಿರನಂಥ ಗಣಿತಜ್ಞನ ಗೌರವಕ್ಕೆ ಇದರಿಂದ ಕುಂದೇನೂ ಇಲ್ಲ. ೧೮೨೦ನ್ನು ಅಷ್ಟು ಹಿಂದೆಯೇ ನಿಖರವಾಗಿ ಕೊಟ್ಟಿರುವುದು ಸಾಮಾನ್ಯ ಸಂಗತಿಯಲ್ಲ.

ಇನ್ನು ಗುಣಾಕಾರವು ಕೆಡುವ ಸಂದರ್ಭವನ್ನು ನೋಡಬೇಕು. ನಮ್ಮ ಸಂಘದಲ್ಲಿ ಲೆಕ್ಕಪತ್ರ ಬಲ್ಲವರು ನಾಲ್ವರೇ ಇದ್ದು, ಕೋಶಾಧಿಕಾರಿಯು ಅವರಲ್ಲಿ ಒಬ್ಬರಾಗಿರಬೇಕೆಂದು ನಿಯಮವಿರಲಿ. ಅಧ್ಯಕ್ಷರಿಂದ ಆರಂಭಿಸಿದರೆ ತೊಡಕು ಬರುತ್ತದೆ: ಅಧ್ಯಕ್ಷರೇ ಲೆಕ್ಕ ಬಲ್ಲವರಾಗಿದ್ದರೆ ಕೋಶಾಧಿಕಾರಿಯ ಸ್ಥಾನಕ್ಕೆ ಮೂವರು ಉಳಿಯುತ್ತಾರೆ, ಅಲ್ಲದಿದ್ದರೆ ನಾಲ್ವರು. ಸಂಖ್ಯೆಯೇ ಬದಲಾಗುವುದರಿಂದ ಎರಡು ಪಕ್ಷಗಳಾಗಿ ಒಡೆದು ೯೬ನ್ನೂ ೧೯೨ನ್ನೂ ಬೇರೆ ಬೇರೆ ಪಡೆದು ಕೂಡಿಸಬೇಕಾಗುತ್ತದೆ. ಅದರ ಬದಲು ಕೋಶಾಧಿಕಾರಿಯಿಂದಲೇ ಆರಂಭಿಸಿದರೆ ೪, ೯, ೮ ಇವುಗಳ ಗುಣಲಬ್ಧ ೨೮೮ ಒಂದೇ ಹೆಜ್ಜೆಗೆ ದೊರೆಯುತ್ತದೆ. ಕಟ್ಟುಪಾಡು ಹೆಚ್ಚಿರುವ ಸ್ಥಾನವನ್ನು ಮೊದಲು ತುಂಬಬೇಕೆಂಬುದು ಇಂಥ ಲೆಕ್ಕಗಳಲ್ಲಿ ಉಪಯುಕ್ತವಾದ ಪದ್ಧತಿ. ಸಭೆಯಲ್ಲಿ ಅಧ್ಯಕ್ಷರ ಆಯ್ಕೆ ಮೊದಲು ನಡೆಯುತ್ತದೆಂಬುದು ಎಣಿಕೆಗೆ ಬಾಧಕವಲ್ಲ.

ಆದರೆ ಈ ಪದ್ಧತಿಯೂ ಎಲ್ಲ ಕಡೆ ನಡೆಯುವುದಿಲ್ಲ. ಅಧ್ಯಕ್ಷರು ಐವರು ಹಿರಿಯರಲ್ಲಿ ಒಬ್ಬರಾಗಿರಬೇಕು, ಕೋಶಾಧಿಕಾರಿಯು ಲೆಕ್ಕ ಬಲ್ಲ ನಾಲ್ವರಲ್ಲಿ ಒಬ್ಬರಾಗಿರಬೇಕು, ಇಬ್ಬರು ಎರಡೂ ಗುಂಪಿಗೆ ಸೇರಿದವರು ಎಂದರೆ, ಯಾವ ಕಡೆಯಿಂದ ಆರಂಭಿಸಿದರೂ ಪಕ್ಷಗಳಾಗಿ ಒಡೆಯಲೇಬೇಕು. ಇಲ್ಲವೇ ಐದು ನಾಲ್ಕಲಿ ಇಪ್ಪತ್ತರಿಂದ, ಒಬ್ಬರೇ ಎರಡು ಹುದ್ದೆಗಳಿಗೂ ಬರುವ ಎರಡು ಪ್ರಸಂಗಗಳನ್ನು ಕಳೆದು ೧೮ನ್ನು ಪಡೆದು, ಉಳಿದ ಎಂಟು ಮಂದಿಯಿಂದ ಕಾರ್ಯದರ್ಶಿಯನ್ನು ಆರಿಸಿ ೧೪೪ ಎನ್ನಬೇಕು. ಸ್ಥಾನಗಳು ಹೆಚ್ಚಿ, ಪ್ರತಿಯೊಂದಕ್ಕೂ ಅರ್ಹರಾದವರ ಪಟ್ಟಿ ಬೇರೆಬೇರೆಯಾಗಿದ್ದು, ಆ ಪಟ್ಟಿಗಳು ಒಂದರೊಳಗೊಂದು ಹೆಣೆದುಕೊಂಡರೆ ಕೆಲಸ ಬಹಳ ಕಠಿಣವಾಗುತ್ತದೆ. ವಿಚಿತ್ರವೇನೆಂದರೆ, ಅಂಥ ಸಂದರ್ಭದಲ್ಲಿ ಎಲ್ಲ ಸ್ಥಾನಗಳನ್ನೂ ತುಂಬಲು ಸಾಧ್ಯವೇ ಎಂಬ ಪ್ರಶ್ನೆಯು ಸುಲಭವಾಗಿಯೇ ಉಳಿಯುತ್ತದೆ. ೧೯೩೫ರಲ್ಲಿ ಫಿಲಿಪ್ ಹಾಲ್ ಎಂಬ ಆಂಗ್ಲ ಗಣಿತಜ್ಞರು ಅದಕ್ಕೆ ಪೂರ್ಣವಾದ ಉತ್ತರ ಕೊಟ್ಟರು: ಯಾವ ಕೆಲವು ಸ್ಥಾನಗಳನ್ನು ತೆಗೆದುಕೊಂಡರೂ, ಅವುಗಳಲ್ಲಿ ಯಾವುದಾದರೊಂದಕ್ಕೆ ಅರ್ಹರಾದವರು ಒಟ್ಟಿನಲ್ಲಿ ಆ ಸ್ಥಾನಗಳಷ್ಟಾದರೂ ಇದ್ದರೆ ತುಂಬಲು ಸಾಧ್ಯ, ಇಲ್ಲದಿದ್ದರೆ ಸಾಧ್ಯವಿಲ್ಲ. ಸಾಧ್ಯವೋ ಅಲ್ಲವೋ ಎಂಬುದನ್ನು ಯಂತ್ರಗಣಕದಿಂದ ಬೇಗನೆ ತಿಳಿಯಬಹುದು. ಎಷ್ಟು ವಿಧವಾಗಿ ಎಂಬುದಕ್ಕೆ ಮಾತ್ರ ಅಂಥ ಶೀಘ್ರೋಪಾಯವೊಂದೂ ಇದುವರೆಗೆ ದೊರೆತಿಲ್ಲ. ಈ ಎಣಿಕೆಯು ಗಣನೆಯ ಸಮಸ್ಯೆಗಳಲ್ಲಿ ಅತ್ಯಂತ ಕಠಿಣವಾದವುಗಳ ವರ್ಗಕ್ಕೆ ಸೇರಿದುದೆಂದು ೧೯೭೯ರಲ್ಲಿ ಲೆಸ್ಲಿ ವೇಲಿಯಂಟ್ ಅವರು ಸಾಧಿಸಿದರು.

ಕಟ್ಟುಪಾಡುಗಳು ಕ್ರಮಬದ್ಧವಾಗಿರುವಲ್ಲಿ ಕಳೆದು ಕೂಡಿಸುವ ವಿಧಾನದಿಂದ ಕೆಲಸ ಸಾಗುತ್ತದೆ. ಅನೇಕ ಸಂಘಗಳಲ್ಲಿರುವ ಒಂದು ನಿಯಮವನ್ನೇ ತೆಗೆದುಕೊಳ್ಳೋಣ: ಹಿಂದಿನ ವರ್ಷ ಒಂದು ಹುದ್ದೆಯಲ್ಲಿದ್ದವರು ಈ ವರ್ಷ ಅದೇ ಹುದ್ದೆಗೆ ಬರಕೂಡದು; ಬೇರೆ ಹುದ್ದೆಗೆ ಬರಬಹುದು. ಒಟ್ಟು ೭೨೦ರಲ್ಲಿ, ಹಿಂದಿನ ಅಧ್ಯಕ್ಷರೇ ಮತ್ತೆ ಅಧ್ಯಕ್ಷರಾಗುವ ಪ್ರಸಂಗಗಳು ೭೨. ಉಳಿದೆರಡು ಹುದ್ದೆಗಳಿಗೂ ಹಾಗೆಯೇ ಎಪ್ಪತ್ತೆರಡೆಪ್ಪತ್ತೆರಡು. ಈ ೨೧೬ನ್ನು ಕಳೆದರೆ, ಇಬ್ಬರು ತಮ್ಮ ಹಳೆಯ ಹುದ್ದೆಗಳಲ್ಲಿಯೇ ಉಳಿಯುವ ಪ್ರಸಂಗಗಳನ್ನು ಎರಡೆರಡು ಸಲ ಕಳೆದಂತಾಗುತ್ತದೆ. ಪ್ರತಿಯೊಂದು ಜೋಡಿಗೂ ಎಂಟರಂತೆ ೨೪ನ್ನು ಹಿಂದಕ್ಕೆ ಕೂಡಿಸಬೇಕು. ಮೂವರೂ ಹಳೆಯ ಹುದ್ದೆಗಳಲ್ಲಿಯೇ ಉಳಿಯುವ ಒಂದು ಪ್ರಸಂಗವನ್ನು ಹೀಗೆ ಮೂರು ಸಲ ಕಳೆದು ಮೂರು ಸಲ ಕೂಡಿಸಿರುವುದರಿಂದ ಅದನ್ನು ಇನ್ನೊಮ್ಮೆ ಕಳೆಯಬೇಕು. ಉಳಿಯುವುದು ೫೨೭. ಇವುಗಳಲ್ಲಿ ಹಳೆಯ ಮೂವರೇ ಮೂರು ಹುದ್ದೆಗಳನ್ನು ತಮ್ಮೊಳಗೆ ಬದಲಾಯಿಸಿಕೊಂಡು ಮುಂದುವರಿಯುವ ಪ್ರಸಂಗಗಳು ಎರಡು.